ಗುನ್ವೋರ್ ಅವರ ತಾಯಿ ಪಾತ್ರ

ಎರಡು ತಿಂಗಳಿಗೆಂದು ಮಗಳು ಶ್ರೀಲಕ್ಷ್ಮಿಯ ಮನೆಗೆ ಬಂದವಳು ನಾನು. ಮಾರ್ಚ್‌ನಲ್ಲಿ ಕೋವಿಡ್‌ನಿಂದ ವಿಮಾನಗಳು ನಿಂತು, ಐರ್ಲೆಂಡಿನ ಡಬ್ಲಿನ್ ಅಂಚಿನ ಕ್ಯಾಸಲ್‌ನಾಕ್‌ನಲ್ಲೇ ಉಳಿದೆ. ಎಪ್ಪತ್ತು ದಾಟಿದವರು ಮನೆ ಬಿಟ್ಟು ಹೊರಡಬಾರದೆಂದು ಸರ್ಕಾರ ಹೇಳಿತ್ತು. ಹಿತ್ತಲ ಗೋಡೆಯಾಚೆ ನನ್ನಂತೆಯೇ ಕೂತಿದ್ದವರು ಗುನ್ವೋರ್. ಎಂಬತ್ತೊಂದು ವರ್ಷ, ಒಂಟಿ. ಮೊದಲ ವಾರವೇ ತಾವು ಮಾಡಿದ ಬ್ರೆಡ್ಡನ್ನು ಗೋಡೆಯ ಮೇಲಿಟ್ಟು ದೂರ ಸರಿದು, ಕೈ ತೊಳೆದೇ ಮಾಡಿದ್ದೆಂದು ಅಭಿನಯಿಸಿ ತೋರಿಸಿದ್ದರು.

ಸ್ವೀಡನ್ನಿನ ನಟಿ ಅವರು. ಸ್ಟಾಕ್‌ಹೋಮ್‌ನಲ್ಲಿ ಹತ್ತೊಂಬತ್ತಕ್ಕೆ ರಂಗ ಹತ್ತಿ, ರೋಮ್‌ನಲ್ಲಿ ಸಿನಿಮಾ, ಲಂಡನ್ನಿನಲ್ಲಿ ನಾಟಕ ಮಾಡಿ, ಕೊನೆಗೆ ಡಬ್ಲಿನ್ನಿನ ನಾಟಕಗಳಿಗೆ ಬೆಳಕಿನ ಕೆಲಸ ಮಾಡುವವರೊಬ್ಬರನ್ನು ಮದುವೆಯಾಗಿ ಇಲ್ಲೇ ನಿಂತರು. ಯಾವ ದೇಶಕ್ಕೆ ಹೋದರೂ ಸಿಕ್ಕಿದ್ದು ಬೇರೆ ದೇಶದವಳ ಪಾತ್ರವೇ ಎನ್ನುತ್ತಿದ್ದರು: ಜರ್ಮನ್ ನರ್ಸ್, ರಷ್ಯದ ಗೂಢಚಾರಿಣಿ, ಯಾರದೋ ಪರದೇಶಿ ಹೆಂಡತಿ. ಸ್ವೀಡಿಶ್‌ನಲ್ಲಿ ನಟಿಸಿ ನಲವತ್ತು ವರ್ಷವಾಗಿತ್ತು.

ಮೇ ತಿಂಗಳಲ್ಲಿ ಸ್ಟಾಕ್‌ಹೋಮ್‌ನ ನಿರ್ದೇಶಕಿಯೊಬ್ಬರು ಬರೆದರು. ಒಂದು ಚಿತ್ರದಲ್ಲಿ ತಾಯಿಯ ಪಾತ್ರ, ಸ್ವೀಡಿಶ್‌ನಲ್ಲಿ. ಮೊದಲು ಒಂದು ದೃಶ್ಯವನ್ನು ಮನೆಯಲ್ಲೇ ಫೋನಿನಲ್ಲಿ ತೆಗೆದು ಕಳಿಸಬೇಕು. ಅದರಲ್ಲಿ ಬರುವ ಮಗಳ ಪಾತ್ರದ ಮಾತುಗಳನ್ನು ಕ್ಯಾಮೆರಾ ಪಕ್ಕದಿಂದ ಯಾರಾದರೂ ಓದಬೇಕು.

"ಇದೊಂದು ಸಿಕ್ಕರೆ ನಮ್ಮೂರಿನವಳಾಗಿ ಮುಗಿಸಬಹುದು, ಚಂದ್ರಾವತಿ," ಎಂದರು ಗುನ್ವೋರ್.

ಓದಲು ನನ್ನನ್ನು ಬಿಟ್ಟರೆ ಯಾರೂ ಇರಲಿಲ್ಲ. ಅವರು ಹೇಳಿದ್ದನ್ನು ಕೇಳಿ ಮಗಳ ಮಾತುಗಳನ್ನು ಕನ್ನಡ ಅಕ್ಷರದಲ್ಲಿ ಬರೆದುಕೊಂಡೆ. ತಾಯಿಯ ಮಾತುಗಳಲ್ಲಿ ಕೊನೆಯ ಪದ ಮಾತ್ರ. ಅದು ಕಿವಿಗೆ ಬಿದ್ದಾಗ ನಾನು ಶುರುಮಾಡಬೇಕು.

ಶ್ರೀಲಕ್ಷ್ಮಿ ಲ್ಯಾಪ್‌ಟಾಪಿನಿಂದ ತಲೆಯೆತ್ತಿದಳು. "ಅರ್ಥ ಗೊತ್ತೇನಮ್ಮಾ, ಇಲ್ಲಾ ಮಂತ್ರ ಹೇಳೋ ಥರಾನಾ?"

"ಮಂತ್ರದ ಥರಾನೇ. ತಪ್ಪಿದ್ರೂ ಯಾರಿಗೂ ಗೊತ್ತಾಗಲ್ಲ," ಎಂದೆ.

ಗೋಡೆಯ ಮೇಲೆ ಹೂಕುಂಡಕ್ಕೆ ಫೋನ್ ಆನಿಸಿದೆವು. ಮೊದಲೆರಡು ಸಲ ನಾನೇ ತಡವರಿಸಿದೆ. ಮೂರನೆಯ ಸಲ ಅವರು ಮಾತಿನ ನಡುವೆ ನಿಂತುಬಿಟ್ಟರು. ನನ್ನತ್ತ ನೋಡಿದರು. ಅಂಥ ದಿಗಿಲನ್ನು ನಾನು ಯಾವ ರಂಗದ ಮೇಲೂ ಕಂಡಿರಲಿಲ್ಲ. ಮೆಲ್ಲಗೆ ಎರಡು ವಾಕ್ಯ ಹೇಳಿದರು, ಮತ್ತೆ ನಿಂತರು, ಕೊನೆಗೆ ನಾನು ಕಾಯುತ್ತಿದ್ದ ಪದ ಬಂತು. ಕಣ್ಣೊರೆಸಿಕೊಂಡು ಓದಿದೆ.

ತಮ್ಮ ನಟನೆಯನ್ನು ಅವರು ಎಂದೂ ನೋಡುತ್ತಿರಲಿಲ್ಲ. ಎದುರಿಗಿದ್ದವರನ್ನು ಕೇಳಿ ತೀರ್ಮಾನಿಸುವುದು ಅರವತ್ತು ವರ್ಷದ ರೂಢಿ.

"ಹೇಗಿತ್ತು?"

"ತುಂಬ ಚೆನ್ನಾಗಿತ್ತು. ಇನ್ನೊಂದು ಸಲ ಬೇಡ," ಎಂದೆ. ಅಂದೇ ಕಳಿಸಿದರು.

ಹತ್ತು ದಿನಕ್ಕೆ ನಿರ್ದೇಶಕಿ, ಬರೆದು ಕೈತೊಳೆದುಕೊಳ್ಳದೆ, ತಾವೇ ಫೋನ್ ಮಾಡಿದರಂತೆ. ಅವಸರಿಸದೆ ಮಾತಾಡಿದರಂತೆ. ಪಾತ್ರ ಬೇರೆಯವರಿಗೆ ಹೋಯಿತು. ಒಮ್ಮೆ ಡಾಕ್ಟರಿಗೆ ತೋರಿಸಿಕೊಳ್ಳಿ ಎಂದೂ ಹೇಳಿದರಂತೆ.

"ಆ ಎರಡು ವಾಕ್ಯ ಪಾತ್ರದ್ದಲ್ಲವಂತೆ," ಎಂದರು ಗುನ್ವೋರ್. "'ಮುಂದೇನು? ದಯವಿಟ್ಟು ಯಾರಾದರೂ ಹೇಳಿಕೊಡಿ,' ಅಂದಿದ್ದೇನೆ."

ನಾನು ಹಿತ್ತಲ ಕುರ್ಚಿಯಲ್ಲಿ ಕೂತೆ. ಗೊತ್ತಿಲ್ಲದ ಭಾಷೆಗೆ ನಾನು ಮಾರ್ಕು ಕೊಟ್ಟಿದ್ದೆ. ಇನ್ನೊಂದು ಸಲ ತೆಗೆದಿದ್ದರೆ ಮರೆತ ಸಾಲುಗಳು ಬರುತ್ತಿದ್ದವೇನೋ. ಕ್ಷಮಿಸಿ ಎಂದೆ. ಅವರು ಒಳಗೆ ಹೋಗಿ ನನಗೊಂದು ಕುಶನ್ ತಂದು ಗೋಡೆಯ ಮೇಲಿಂದ ದಾಟಿಸಿದರು. ಕುರ್ಚಿ ತಣ್ಣಗಿರುತ್ತದೆ ಎಂದರು.

ಮರುದಿನ ಅವೇ ಹಾಳೆಗಳನ್ನು ಹಿಡಿದು ಬಂದರು. ಈ ಸಲ ತಾಯಿಯ ಮಾತುಗಳನ್ನೂ ಬರೆದುಕೊಳ್ಳಿ ಎಂದರು. ಫೋನ್ ಇರಲಿಲ್ಲ. ಬೇಸಿಗೆಯೆಲ್ಲ ಮಧ್ಯಾಹ್ನ ಮಧ್ಯಾಹ್ನ ಓದಿದೆವು. ಮುಗಿದ ಮೇಲೆ ಎಷ್ಟು ಬಿಟ್ಟೆ ಎಂದು ಕೇಳುತ್ತಿದ್ದರು. ಜೂನ್‌ನಲ್ಲಿ ಎರಡು ಸಾಲು ಎಂದೆ. ಆಗಸ್ಟ್‌ನಲ್ಲಿ ಒಂಬತ್ತು. ಸುಳ್ಳು ಹೇಳಲಿಲ್ಲ. ಪ್ರತಿ ಸಲವೂ ಅವರು ಥ್ಯಾಂಕ್ಸ್ ಹೇಳಿದರು.

ಅಕ್ಟೋಬರ್‌ನಲ್ಲಿ ಅವರನ್ನು ನರ್ಸಿಂಗ್ ಹೋಮಿಗೆ ಸೇರಿಸಿದರು. ಭೇಟಿಗೆ ಯಾರನ್ನೂ ಬಿಡುತ್ತಿರಲಿಲ್ಲ. ಜನವರಿಯಲ್ಲಿ ಕೋವಿಡ್ ಅಲ್ಲಿಗೂ ಹೊಕ್ಕಿತು.

ಅವರು ತೀರಿಕೊಳ್ಳುವುದಕ್ಕೆ ಮೂರು ದಿನ ಮೊದಲು ನರ್ಸೊಬ್ಬಳು ವಿಡಿಯೋ ಕರೆ ಮಾಡಿ ಫೋನನ್ನು ಅವರ ಮುಖದ ಮುಂದೆ ಹಿಡಿದಳು. ಆಕ್ಸಿಜನ್ ಮಾಸ್ಕಿನೊಳಗೆ ಉಸಿರು ಬಂದು ಹೋಗುತ್ತಿತ್ತು. ನಾನು ಮಗಳ ಮೊದಲ ಮಾತು ಓದಿದೆ. ಅವರು ನೋಡುತ್ತಿದ್ದರು. ಕಾದೆ. ಈ ಸಲ ಹೆಚ್ಚು ಕಾಯಲಿಲ್ಲ. ತಾಯಿಯ ಮಾತನ್ನೂ ನಾನೇ ಹೇಳಿದೆ. ಹಾಗೆಯೇ ಪೂರ್ತಿ ದೃಶ್ಯ ಓದಿದೆ, ಹದಿನಾಲ್ಕು ನಿಮಿಷ. ಅಷ್ಟು ಹೊತ್ತೂ ಆ ಹುಡುಗಿ ಫೋನ್ ಇಳಿಸಲಿಲ್ಲ. ಅವಳ ಕೈ ಸೋತದ್ದು ಪರದೆ ನಡುಗುವುದರಿಂದಲೇ ನನಗೆ ತಿಳಿಯಿತು.