ಬೇರೆಯವರ ಮದುವೆಗಳು

ನಾನು ಸಿನಿಮಾ ಮಾಡುತ್ತೇನೆ, ಆದರೆ ಕ್ಯಾಮೆರಾ ಹಿಡಿಯುವುದಿಲ್ಲ. ಬೇರೆಯವರು ತೆಗೆದು ಮರೆತ ಹಳೆಯ ಮದುವೆ ಕ್ಯಾಸೆಟ್ಟುಗಳನ್ನು ಕಂಪ್ಯೂಟರಿಗೆ ಇಳಿಸಿ, ಕತ್ತರಿಸಿ, ಜೋಡಿಸುತ್ತೇನೆ. ಇದಕ್ಕೆ ಕಾರವಾರದಲ್ಲಿ ಒಮ್ಮೆ ಶಾಲು ಹೊದಿಸಿದ್ದಾರೆ. ಹೊದಿಸಿದವರು ಸಿನಿಮಾ ನೋಡಿರಲಿಲ್ಲ.

ಈ ಸಲದ್ದು ನನ್ನನ್ನು ಹೆತ್ತ ಅವ್ವಿಯ ಸಿನಿಮಾ. ನಾನು ನಡೆಯಲು ಕಲಿಯುವ ಮೊದಲೇ ಅವಳು ತೀರಿಕೊಂಡಳು. ಮನೆಯಲ್ಲಿದ್ದ ಒಂದೇ ಫೋಟೋಗೆ ಮಳೆಗಾಲದಲ್ಲಿ ಬೂಸ್ಟು ಹಿಡಿದು, ಈಗ ಅದರಲ್ಲಿ ಅಪ್ಪ ಮಾತ್ರ ಇದ್ದಾನೆ, ಅದೂ ಅರ್ಧ. ಅವ್ವಿಯ ಮುಖ ಹೇಗಿತ್ತೆಂದು ನನಗೆ ಗೊತ್ತಿಲ್ಲ. ಅದನ್ನೊಮ್ಮೆ ನೋಡಬೇಕೆಂದೇ ಈ ಕೆಲಸಕ್ಕೆ ಬಿದ್ದೆ. ಕಲೆ ಗಿಲೆ ಎಲ್ಲ ಆಮೇಲೆ ಸೇರಿಕೊಂಡಿತು.

ಅಂಕೋಲೆಯ ಮುಚ್ಚಿದ ಸ್ಟುಡಿಯೋ ಒಂದರಿಂದ ನಮ್ಮೂರು ಹಟ್ಟಿಕೇರಿ ಸುತ್ತಲಿನ ಮದುವೆಗಳನ್ನೆಲ್ಲ ಗೋಣಿಚೀಲದಲ್ಲಿ ತುಂಬಿ ತಂದೆ. ಗುರುತಿಗೆ ಅಪ್ಪ ಹೇಳಿದ್ದು ಒಂದೇ.

"ಹಸ್ರು ಸೀರೆ, ಕೆಂಪು ಅಂಚು. ಮದ್ವೆ ಅಂದ್ರೆ ಅದ್ನೇ ಉಡೂದು."

ಹಸಿರು ಸೀರೆ ಬೇಕಾದಷ್ಟು ಸಿಕ್ಕಿತು. ಆದರೆ ಊಟದ ಪಂಕ್ತಿಗೆ ವಿಡಿಯೋದವನ ಲೈಟು ಬಿದ್ದ ಕೂಡಲೇ ನಮ್ಮ ಹೆಂಗಸರು, ಪೊಲೀಸರು ಹಿಡಿದವರ ಹಾಗೆ, ಸೆರಗು ಮುಖಕ್ಕೆ ಎಳೆದುಕೊಳ್ಳುತ್ತಿದ್ದರು. ಮುಖ ಎಲ್ಲೂ ಇಲ್ಲ. ಸೆರಗುಗಳನ್ನೇ ಜೋಡಿಸಿ 'ಅವ್ವಿ' ಅಂತ ಹೆಸರಿಟ್ಟೆ. ಕೂತು ಅತ್ತದ್ದೂ ಉಂಟು, ಸುಳ್ಳು ಯಾಕೆ ಹೇಳಲಿ.

ಮೊದಲು ತೋರಿಸಿದ್ದು ಮಂಜಿ ಚಿಕ್ಕಿಗೆ, ಅಪ್ಪನ ತಮ್ಮನ ಹೆಂಡತಿಗೆ. ಅವಳು ಗೇರುಬೀಜ ಸುಲಿಯುತ್ತಲೇ ನೋಡಿದಳು.

"ಇದು ನಾನಲ್ವನೇ ವೀಣಾ."

"ಇದು?"

"ಇದೂ ನಾನೇ. ಅದು ನಿನ್ ದೊಡ್ಡವ್ವಿ. ಕೈ ನೋಡು, ಪಾಯ್ಸ ಮತ್ತೆ ಬೇಕು ಅಂತದೆ."

"ಸೀರೆ ಅವ್ವಿದಲ್ವಾ?"

"ಮನೆಗೆ ಇದ್ದದ್ದೇ ಅದೊಂದು ಪಟ್ಟೆ ಸೀರೆ ಮಗಾ. ಮದ್ವೆಗೆ ಹೋಗೂ ಪಾಳಿ ಯಾರದ್ದೋ ಅವ್ರು ಉಡೂದು."

"ಅಪ್ಪನಿಗೆ ಗೊತ್ತಿರಲಿಲ್ವಾ?"

"ಗಂಡಸ್ರು ಬೇರೆ ಪಂಕ್ತಿ. ಅವ್ರಿಗೆ ಎಂತಾ ಗೊತ್ತಾಗೂದು?"

ನನಗೆ ಸಿಟ್ಟು ಬಂತು. ಯಾರ ಮೇಲೆಂದು ತಿಳಿಯಲಿಲ್ಲ, ಸೀರೆಯ ಮೇಲೆಯೇ ಇರಬೇಕು. ಲ್ಯಾಪ್‌ಟಾಪಿನಲ್ಲಿ ಕೊನೆಯ ತುಣುಕು ಓಡುತ್ತಿತ್ತು: ಹಸಿರು ಸೀರೆ, ಮುಖಕ್ಕೆ ಸೆರಗು, ತೊಡೆಯ ಮೇಲೆ ಕುಲಾಯಿ ಟೊಪ್ಪಿ ಹಾಕಿದ ಒಂದು ಮಗು. ವಿಡಿಯೋದವನು ಮೇಲಿಂದ ಸಿನಿಮಾ ಹಾಡು ತುಂಬಿದ್ದರಿಂದ ಬೇರೇನೂ ಕೇಳಿಸದು.

"ಇದೂ ನೀನೇ ಆಯ್ತಲ್ಲ," ಅಂದೆ.

ಚಿಕ್ಕಿಯ ಕೈ ನಿಂತಿತು.

"ಆ ಕುಲಾಯಿ ನಾನೇ ಹೊಲ್ದದ್ದು. ಮಗು ನೀನೇ." ಅವಳು ಮುಂದೆ ಬಗ್ಗಿದಳು. "ನಾನು ಎತ್ಕಂಡ್ರೂ, ದೊಡ್ಡವ್ವಿ ಎತ್ಕಂಡ್ರೂ ನೀನು ಊರಿಗೇ ಕೇಳೂ ಹಂಗೆ ಕೂಗ್ತಿದ್ದೆ. ನಿನ್ ಅವ್ವಿ ತೊಡೆ ಬಿಟ್ರೆ ಒಂದಿನ ಸುಮ್ನೆ ಕುಂತವಳಲ್ಲ. ನೋಡು, ಇಲ್ಲಿ ಕೂಗ್ತಾ ಇದ್ಯಾ?"

ತುಣುಕನ್ನು ಮತ್ತೆ ಹಾಕಿದೆ. ಎಷ್ಟೋ ಸಲ ನೋಡಿದ್ದೆ, ಆದರೆ ಯಾವಾಗಲೂ ಸೀರೆಯನ್ನು ಮಾತ್ರ. ಅಷ್ಟು ಲೈಟಿನಲ್ಲಿ, ಅಷ್ಟು ಜನರ ನಡುವೆ, ಮಗು ಸೆರಗಿನ ಒಳಕ್ಕೆ ತಲೆಯೆತ್ತಿ ನೋಡಿ ನಗುತ್ತಿತ್ತು. ಆ ದಿನ ನಾನು ಅವ್ವಿಯ ಮುಖ ನೋಡುತ್ತಿದ್ದೆ.