ಇಂಡೋನೇಷ್ಯಾ ಕ್ಯಾಸೆಟ್ಟಿನ ಹೆಂಗಸು

ಯಲ್ಲದಕೆರೆಯ ಕಾಟಲಿಂಗಪ್ಪ ಹಿರಿಯೂರಿನಿಂದ ಇಂಡೋನೇಷ್ಯಾದ ವಿಡಿಯೋ ಕ್ಯಾಸೆಟ್ ತಂದನೆಂದರೆ ಭಾನುವಾರ ಮಧ್ಯಾಹ್ನ ಅರ್ಧ ಊರು ಅವನ ಪಡಸಾಲೆಯಲ್ಲಿ. ಆಗ ತೊಂಬತ್ತಾರನೇ ಇಸವಿ. ಲುಂಗಿ ಉಟ್ಟ ಮಂತ್ರವಾದಿ, ಮೈಯಿಲ್ಲದೆ ಬರೀ ತಲೆಯಾಗಿ ಹಾರಾಡುವ ಮಾಟಗಾತಿ, ಗಾಳಿಯಲ್ಲಿ ನಿಂತು ಒದೆಯುವ ಹೀರೋ. ಆ ಭಾಷೆ ಊರಲ್ಲಿ ಯಾರಿಗೂ ಬರುತ್ತಿರಲಿಲ್ಲ, ಅವನಿಗೂ ಇಲ್ಲ. ಆದರೂ ಕಿಟಕಿಗೆ ಕಂಬಳಿ ಕಟ್ಟಿ ಕತ್ತಲು ಮಾಡಿ, ಟೀವಿಯ ಪಕ್ಕ ನಿಂತು ಅವನೇ ಕಥೆ ಹೇಳುತ್ತಿದ್ದ. ಬಾಯಿ ಜೋರಿದ್ದರೆ ಸಾಕಲ್ಲ.

ಜನ ಮತ್ತೆ ಮತ್ತೆ ಹಾಕಿಸುತ್ತಿದ್ದದ್ದು ಒಂದೇ ಕ್ಯಾಸೆಟ್ಟು. ಅದರಲ್ಲಿ ಗಂಡ ಹೆಂಡತಿಯನ್ನು ಮನೆಯಿಂದ ಆಚೆಗೆ ದಬ್ಬುತ್ತಾನೆ. ಅವಳು ಮಳೆಯಲ್ಲಿ ನಿಂತು ಏನೋ ಹೇಳುತ್ತಾಳೆ. ಕಾಟಲಿಂಗಪ್ಪ ಹೆಣ್ಣು ದನಿ ಮಾಡಿ, "ತಪ್ಪು ನಂದೇ ಐತೆ, ದಾರಿ ತಪ್ಪಿದೋಳು ನಾನು" ಎನ್ನುತ್ತಿದ್ದ. "ಹಂಗೇ ಆಗ್ಬೇಕು ಬಿಡು" ಎಂದು ಹೆಂಗಸರೇ ಲಟಿಕೆ ಮುರಿಯುತ್ತಿದ್ದರು.

ಬಾಗಿಲ ಹೊರಗೆ ಕೂತು ನೋಡುತ್ತಿದ್ದ ಅವನ ಹೆಂಡತಿ ಚಂದ್ರಕ್ಕನಿಗೆ ಆ ಮಾತು ಹೊಸದಲ್ಲ. ಎರಡು ವರ್ಷದ ಹಿಂದೆ ತಂಗಿಯ ಬಾಣಂತನಕ್ಕೆಂದು ಬಾಗೂರಿಗೆ ಹೋದವಳು ಹತ್ತು ದಿನ ತಡವಾಗಿ ಬಂದಿದ್ದಕ್ಕೆ ಪಂಚಾಯ್ತಿ ಸೇರಿತ್ತು. ಹೆಂಗಸು ಕಟ್ಟೆ ಹತ್ತುವಂತಿರಲಿಲ್ಲ. ಅವಳ ಪರವಾಗಿ ಗಂಡನೇ ಮಾತಾಡಿದ: "ದಾರಿ ತಪ್ಪಿದ್ದು ನಿಜ ಅಂತ ಅವ್ಳೇ ಒಪ್ಕಂಡವ್ಳೆ." ಅವತ್ತಿನಿಂದ ಅವಳ ವಾಸ ಹಿತ್ತಲಿನ ಗುಡಿಸಲಲ್ಲಿ. ಮಗಳು ಗಂಗಾ ಅವಳನ್ನು ಅವ್ವ ಎನ್ನುವಂತಿಲ್ಲ. ಉಳಿದದ್ದನ್ನೆಲ್ಲ ಚಂದ್ರಕ್ಕ ಹೇಗೋ ಸಹಿಸಿಕೊಂಡಿದ್ದಳು, ಅದೊಂದನ್ನು ಮಾತ್ರ ಸಹಿಸಲಾಗಿರಲಿಲ್ಲ.

ಒಂದು ಭಾನುವಾರ ಪಕ್ಕದ ಮನೆಯ ಬೋರಣ್ಣ ಅದೇ ಸಿನಿಮಾದ ತೆಲುಗು ಡಬ್ಬಿಂಗ್ ತಂದ. ತೆಲುಗು ಊರಿಗೆಲ್ಲ ಗೊತ್ತು. ಮಳೆಯಲ್ಲಿ ನಿಂತ ಹೆಂಗಸು ಗಂಡನ ಮುಖಕ್ಕೇ ಹೇಳಿದಳು: ನಾನು ತಪ್ಪು ಮಾಡಿಲ್ಲ, ನೀನು ನನ್ನನ್ನು ಕೇಳಲೇ ಇಲ್ಲ.

ಪಡಸಾಲೆಯಲ್ಲಿದ್ದವರೆಲ್ಲ ಕಾಟಲಿಂಗಪ್ಪನ ಮೇಲೆ ಬಿದ್ದರು. "ಎಂಥಾ ಹೆಣ್ಮಗಳ ಮ್ಯಾಲೆ ಸುಳ್ಳು ಹೊರಿಸ್ದಲ್ಲೋ ಲೇ" ಎಂದು ಊರ ಯಜಮಾನ ಗೋವಿಂದಪ್ಪ ಅವನಿಂದ ಟೀವಿಗೆ ಕೈಮುಗಿಸಿ ತಪ್ಪಾಯ್ತು ಎನ್ನಿಸಿದ. ಸಮುದ್ರದಾಚೆಯ ಹೆಂಗಸಿಗೆ ಇಷ್ಟು ಬೇಗ ನ್ಯಾಯ ಸಿಕ್ಕಿತು, ನೋಡಿ.

ಚಂದ್ರಕ್ಕ ಎರಡು ವರ್ಷದಲ್ಲಿ ಮೊದಲ ಸಲ ಹೊಸಿಲು ದಾಟಿದಳು. "ಯಜಮಾನ್ರೆ, ನಾನೂ ಏನೂ ಒಪ್ಕಂಡಿರ್ಲಿಲ್ಲ. ಅವತ್ತು ಕಟ್ಟೆ ಮ್ಯಾಲೆ ನನ್ನ ಮಾತು ಅಂತ ಇವ್ರು ಹೇಳಿದ್ದೂ ಹಿಂಗೇಯ."

ಗೋವಿಂದಪ್ಪ ಮುಖ ಸಿಂಡರಿಸಿದ. "ಅದಕ್ಕೂ ಇದಕ್ಕೂ ಏನಮ್ಮ ಸಂಬಂಧ? ಆಯಮ್ಮಂದು ಕ್ಯಾಸೆಟ್ ಐತೆ. ನಿಂದೇನೈತೆ?"

ಯಾರೋ ಕಿಸಕ್ಕನೆ ನಕ್ಕರು. ಬೋರಣ್ಣ ಕ್ಯಾಸೆಟ್ ಹಿಂದಕ್ಕೆ ಸುತ್ತಿದ. ಸರಿಯಾದ ಕಥೆಯನ್ನು ಮೊದಲಿಂದ ನೋಡಲು ಎಲ್ಲರೂ ಕಾಲು ಮಡಚಿ ಕೂತರು. ಚಂದ್ರಕ್ಕ ಮಾತ್ರ ಮಗಳನ್ನೇ ನೋಡುತ್ತ ನಿಂತಿದ್ದಳು. ಟೀವಿಯ ಹೆಂಗಸಿಗಾಗಿ ಅತ್ತೂ ಅತ್ತೂ ಗಂಗಾಳ ಕಣ್ಣು ಕೆಂಪಾಗಿತ್ತು. ಅವಳು ತಲೆಯೆತ್ತಿ, ಯಾರೋ ಪರಸ್ಥಳದವರಿಗೆ ಹೇಳುವ ಹಾಗೆ ಹೇಳಿದಳು:

"ಅತ್ಲಾಗೆ ಸರ್ಕಳ್ರಿ, ಟೀವಿ ಕಾಣಲ್ಲ."