ಎಂಟೂವರೆ ನಿಲುವಂಗಿ

ಕತ್ತರಿಯಕ್ಕನಿಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ ಎಂಬುದು ಹೊಲಿಗೆ ಶೆಡ್ಡಿನಲ್ಲಿ ಎಲ್ಲರಿಗೂ ಗೊತ್ತು. ಆದರೆ ಆ ಬೆಳಿಗ್ಗೆ ಬಂದ ಸಿಟ್ಟು ಅಂಗಾಲಿನಿಂದ ಎದ್ದು ಬಂದದ್ದು. ಹತ್ತೊಂಬತ್ತು ವರ್ಷ ಅವಳು ನಿಂತು ಬಟ್ಟೆ ಕತ್ತರಿಸಿದ ಮೇಜಿನ ಹಿಂದೆ ಬೇರೊಬ್ಬಳು ನಿಂತಿದ್ದಳು. ಬಾಗಿಲ ಪಕ್ಕದ ಹಲಗೆಗೆ ಅವಳ ಹೆಸರು ಬರೆದ ಚೀಟಿ ಅಂಟಿಸಿದ್ದರು: ಅಳತೆಯಲ್ಲಿ ಮೋಸ ಮಾಡಿದ್ದಕ್ಕಾಗಿ ಇವರನ್ನು ಇಂದಿನಿಂದ ದಾರ ಕತ್ತರಿಸುವ ಬೆಂಚಿಗೆ ಹಾಕಲಾಗಿದೆ. ಕೆಳಗೆ ಸೂಪರ್‌ವೈಸರನ ಸಹಿ. ಸೂಪರ್‌ವೈಸರ್ ಎಂದರೆ ಬೇರೆ ಯಾರೂ ಅಲ್ಲ, ಅವಳ ಒಡಹುಟ್ಟಿದ ತಂಗಿಯ ಮಗ. ಯಜಮಾನರ ಕೈಕಾಲು ಹಿಡಿದು ಅವನನ್ನು ಕೆಲಸಕ್ಕೆ ಸೇರಿಸಿದವಳೂ ಅವಳೇ.

ನೇರ ಅವನ ಮೇಜಿಗೆ ಹೋದಳು. "ಏನೋ ಇದು?"

"ಕೂಗಾಡಬೇಡಿ ದೊಡ್ಡಮ್ಮ. ನಾನು ಹೇಳ್ತಿಲ್ಲ, ಲೆಕ್ಕ ಹೇಳ್ತಿದೆ."

ಕಾಗದವನ್ನು ಅವಳತ್ತ ತಿರುಗಿಸಿದ. ಆಪರೇಷನ್ ಮಾಡುವ ಡಾಕ್ಟರುಗಳು ತೊಡುವ ನಿಲುವಂಗಿಯ ಲೆಕ್ಕ. ಒಂದು ಥಾನಿನಲ್ಲಿ ಬಟ್ಟೆ ಇಪ್ಪತ್ತೊಂದೂ ಕಾಲು ಮೀಟರ್. ಒಂದು ನಿಲುವಂಗಿಗೆ ಎರಡೂವರೆ ಮೀಟರ್. ಭಾಗಿಸಿದರೆ ಎಂಟೂವರೆ. ಎಂಟು ನಿಲುವಂಗಿ, ಉಳಿಯಬೇಕಾದ ಬಟ್ಟೆ ಅರ್ಧ ಮೀಟರ್ ಎಂದು ಕೆಂಪು ಶಾಯಿಯಲ್ಲಿ ಬರೆದು ಅಡಿಗೆರೆ ಎಳೆದಿದ್ದ.

"ನೀವು ಪ್ರತಿ ಥಾನಿಗೂ ಒಂದೂ ಕಾಲು ಮೀಟರ್ ವಾಪಸ್ ಕೊಟ್ಟಿದ್ದೀರ. ಮುಕ್ಕಾಲು ಮೀಟರ್ ಜಾಸ್ತಿ! ಒಂದೊಂದು ಅಂಗೀನೂ ನಾಲ್ಕು ಬೆರಳು ಗಿಡ್ಡ ಮಾಡದೆ ಅದು ಎಲ್ಲಿಂದ ಬರುತ್ತೆ? ಮುಂದೆ ಮನೆಗೆ ಸಾಗಿಸೋಕೆ ದಾರಿ ಮಾಡ್ಕೋತಿದ್ದಾಳೆ ಅಂತಾರೆ ಯಜಮಾನ್ರು."

"ಒಂದು ಅಂಗಿನಾದ್ರೂ ಅಳೆದು ನೋಡಿದ್ಯಾ?"

"ಮಾಲು ಹೋಗಿಯಾಯ್ತಲ್ಲ."

ಅವಳ ಮೈಯೆಲ್ಲ ಉರಿದುಹೋಯಿತು. ಭಿನ್ನರಾಶಿ ಎಂದರೆ ಮೂಗು ಸೋರಿಸಿಕೊಂಡು ಅಳುತ್ತಿದ್ದ ಇವನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಚಿಂದಿ ಬಟ್ಟೆ ಮಡಚಿ ಮಡಚಿ ಕಾಲು, ಅರೆ, ಮುಕ್ಕಾಲು ಕಲಿಸಿದ್ದಳು. ಭಾಗಾಕಾರಕ್ಕೆ ತಲೆಕೆಳಗು ಮಾಡಿ ಗುಣಿಸಬೇಕೆಂದು ಆಮೇಲೆ ಮೇಷ್ಟ್ರು ಕಲಿಸಿದರು. ಬಂದ ಉತ್ತರ ಏನನ್ನು ಎಣಿಸುತ್ತಿದೆ ಎಂದು ಒಮ್ಮೆ ಕೇಳಿಕೊಳ್ಳುವ ಬುದ್ಧಿಯನ್ನು ಮಾತ್ರ ಈ ಮಹಾನುಭಾವ ಎಲ್ಲೋ ಬೀಳಿಸಿಕೊಂಡು ಬಂದಿದ್ದ.

"ಯಜಮಾನ್ರನ್ನ ಕರಿ," ಎಂದಳು. ಅವನು ಏಳದಿದ್ದಾಗ ತಾನೇ ಕರೆದಳು, ಮೂವತ್ತು ಹೊಲಿಗೆ ಯಂತ್ರಗಳ ಸದ್ದನ್ನು ಮೀರಿಸುವ ಗಂಟಲಿನಲ್ಲಿ. ಯಂತ್ರಗಳು ಒಂದೊಂದಾಗಿ ನಿಂತವು. ಯಜಮಾನರು ಕನ್ನಡಕ ಹಣೆಗೇರಿಸಿಕೊಂಡು ಹೊರಗೆ ಬಂದರು.

ಕತ್ತರಿಯಕ್ಕ ಹೊಸ ಥಾನನ್ನು ಉದ್ದನೆಯ ಮೇಜಿನ ಮೇಲೆ ಬಿಚ್ಚಿದಳು. ಎರಡೂವರೆ ಮೀಟರಿಗೊಂದು ಸೀಮೆಸುಣ್ಣದ ಗೆರೆ ಎಳೆದು, ಒಂದು, ಎರಡು ಎಂದು ಎಣಿಸುತ್ತ ಮಡಚಿದಳು. ಎಂಟು ಮುಗಿದ ಮೇಲೆ ಉಳಿದ ತುಂಡನ್ನು ಒಂದು ಅಂಗಿಯ ಅಳತೆಯ ಮೇಲೆ ಹಾಸಿದಳು. ಅದು ಸರಿಯಾಗಿ ನಡುಮಧ್ಯಕ್ಕೆ ಬಂದು ನಿಂತಿತು.

"ಅರ್ಧ ಉಳೀತು, ಸರಿ. ಯಾವುದರ ಅರ್ಧ? ಅಂಗಿಯ ಅರ್ಧ! ಎರಡೂವರೆಯ ಅರ್ಧ ಎಷ್ಟು ಸ್ವಾಮಿ? ಒಂದೂ ಕಾಲು. ನಾನು ವಾಪಸ್ ಕೊಟ್ಟಿದ್ದೆಷ್ಟು? ಒಂದೂ ಕಾಲು. ಇವನು ಭಾಗ ಮಾಡಿದ್ದು ಅಂಗಿ ಲೆಕ್ಕ, ಓದಿದ್ದು ಮೀಟರ್ ಲೆಕ್ಕ. ನಡುವೆ ನಾನು ಕಳ್ಳಿ!"

ಯಜಮಾನರು ಟೇಪು ತರಿಸಿ ತಾವೇ ಅಳೆದರು. ಆಮೇಲೆ ನಕ್ಕುಬಿಟ್ಟರು. "ಓ, ಇಷ್ಟೇನಾ! ಹೋಗ್ಲಿ ಬಿಡಮ್ಮ, ಹುಡುಗ ಎಡವಟ್ಟು ಮಾಡ್ಕೊಂಡಿದ್ದಾನೆ. ನಿನ್ನ ಮೇಜು ನಿನಗೇ."

ಆ ನಗು ಕಂಡು ಅವಳಿಗೆ ಕಪಾಳಕ್ಕೆ ಬಿಗಿಯಬೇಕು ಅನಿಸಿತು. ಅಷ್ಟರಲ್ಲಿ ತಂಗಿಯ ಮಗ ಬಟ್ಟೆ ಮಡಚುವ ನೆವದಲ್ಲಿ ಹತ್ತಿರ ಬಂದು ಪಿಸುಗುಟ್ಟಿದ.

"ತಪ್ಪಾಯ್ತು ದೊಡ್ಡಮ್ಮ. ನಿನ್ನೆ ಸಂಜೇನೇ ಹೊಳೀತು. ಆದರೆ ಅಷ್ಟೊತ್ತಿಗೆ ಯಜಮಾನ್ರಿಗೆ ಹೇಳಿಬಿಟ್ಟಿದ್ದೆ. ನೀವು ನಮ್ಮೋರಲ್ವಾ, ಹೊಟ್ಟೆಗೆ ಹಾಕ್ಕೋತೀರ ಅಂದ್ಕೊಂಡು ಚೀಟಿ ಅಂಟಿಸಿದೆ."

ಅವಳು ಅವನ ಮುಖವನ್ನೇ ನೋಡಿದಳು. ಲೆಕ್ಕ ತಪ್ಪಿದ್ದನ್ನು ಅವಳು ನಿಜವಾಗಿಯೂ ಹೊಟ್ಟೆಗೆ ಹಾಕಿಕೊಳ್ಳುತ್ತಿದ್ದಳು. ಸಂಜೆಗೆ ಮುಂಚೆ ಅವನಿಗೆ ಎರಡು ಮಾತು ಬೈದು, ಮಾರನೆಯ ದಿನ ಮರೆತೂ ಬಿಡುತ್ತಿದ್ದಳು.

"ಈಗ ಹೇಳಿದ್ದನ್ನ ಎಲ್ಲರಿಗೂ ಕೇಳೋ ಹಾಗೆ ಹೇಳು."

"ದೊಡ್ಡಮ್ಮ..."

"ಹೇಳೋ!"

ನೆಲ ನೋಡುತ್ತ ಹೇಳಿದ. ಯಜಮಾನರ ನಗು ಇಳಿದುಹೋಯಿತು. ಕನ್ನಡಕ ತೆಗೆದು ಜೇಬಿಗಿಟ್ಟುಕೊಂಡರು.

"ಗೊತ್ತಿದ್ದೂ ಅಂಟಿಸಿದ್ಯಾ? ನಾಳೆಯಿಂದ ನೀನು ಇಲ್ಲಿಗೆ ಬರೋದು ಬೇಡ."

"ದೊಡ್ಡಮ್ಮ, ನೀವಾದ್ರೂ ಒಂದು ಮಾತು ಹೇಳಿ."

ಯಜಮಾನರೂ ಅವಳತ್ತ ತಿರುಗಿ ಕಾದರು. ಅವಳು ಒಂದು ಮಾತಾಡಿದ್ದರೆ ಅವನ ಕೆಲಸ ಉಳಿಯುತ್ತಿತ್ತು. ಅವಳು ಕತ್ತರಿ ಎತ್ತಿಕೊಂಡು ಮೊದಲನೆಯ ಗೆರೆಯಿಂದ ಕತ್ತರಿಸತೊಡಗಿದಳು.